ಜೈಲಿನ ಮಗ್ಗದ ಮಾಸ್ಟ್ರು

ಬಿಡುಗಡೆಯಾದವರು ಗೇಟಿನಲ್ಲಿ ರೂಢಿಯಂತೆ "ಬರ್ತೇನೆ ಮಾಸ್ಟ್ರೇ" ಎಂದರೆ ವಾಸು ಮಾಸ್ಟ್ರಿಗೆ ಸಿಟ್ಟು ನೆತ್ತಿಗೇರುತ್ತಿತ್ತು. "ಎಂತ ಬರುವುದು? ಇದೆಂತ ನೆಂಟರ ಮನೆಯಾ? ಹೋಗ್ತೇನೆ ಅನ್ನಿ ಮಾರಾಯ್ರೆ!" ಅನ್ನಿಸಿಯೇ ಕಳಿಸುತ್ತಿದ್ದರು.

ಕಾರ್ಕಳದ ಹಳೆಯ ಜೈಲಿನಲ್ಲಿ ಅವರು ಕೈದಿಗಳಿಗೆ ನೇಯ್ಗೆ ಕಲಿಸುತ್ತಿದ್ದರು. ಶಿಕ್ಷೆಗೆ ಬಂದವರು ಕಸುಬು ಕಲಿತು ಹೊರಗೆ ಹೋಗಲಿ ಎಂದೇ ಕಟ್ಟಿದ ಜೈಲು ಅದು. ಕೋಣೆಗಳಿಗಿಂತ ಮಗ್ಗದ ಚಾವಡಿಯೇ ದೊಡ್ಡದು. ಎಂಥ ಕಳ್ಳನನ್ನೂ ಮಾಸ್ಟ್ರು 'ನೀವು' ಎಂದೇ ಕರೆಯುತ್ತಿದ್ದರು. ನೂಲು ಕಡಿದರೆ ಮಾತ್ರ ಬಯ್ಗುಳ: "ಬೀಗ ಒಡೆಯುವ ಕೈಗೆ ಒಂದು ಗಂಟು ಹಾಕ್ಲಿಕ್ಕೆ ಬರುವುದಿಲ್ವಾ?"

ಇದನ್ನೆಲ್ಲ ಮನೆಯೊಳಗೆ ಹೇಳಿ ನಗುತ್ತಿದ್ದವರು ನನ್ನ ಅಪ್ಪ. ಜಗಳದಲ್ಲಿ ಒಬ್ಬರ ತಲೆ ಒಡೆದು ಎರಡು ವರ್ಷ ಅಲ್ಲಿದ್ದವರು. ಕಾಪುವಿನ ನಮ್ಮ ಮನೆಯಲ್ಲಿ ಅನ್ನ ಬೇಯುತ್ತಿದ್ದದ್ದು ಅಲ್ಲಿ ಕಲಿತ ವಿದ್ಯೆಯಿಂದ.

ಎರಡು ಸಾವಿರದ ಇಸವಿಯ ಆಚೀಚೆ ಜೈಲನ್ನು ಕೆಡವಿದರು. ಅಲ್ಲಿ ಬರಲಿದ್ದ ಅಂಗಡಿ ಕಟ್ಟಡದ ಶಿಲಾನ್ಯಾಸದ ದಿನ ಭಾಷಣಕಾರರೊಬ್ಬರು "ನರಕವೊಂದು ತೊಲಗಿತು" ಎಂದರು. ನರಕವಂತೆ! ಸಿಕ್ಕಿಬಿದ್ದು ಬಂದವರಿಗೂ ಬದುಕು ಕೊಟ್ಟು ಕಳಿಸಿದ ಜಾಗವನ್ನು ವಾರದೊಳಗೆ ನೆಲಸಮ ಮಾಡಿದ್ದಲ್ಲದೆ, ಮೇಲೆ ಈ ಬಯ್ಗುಳ ಬೇರೆ. ಸಭೆಯಲ್ಲಿ ಕುಳಿತಿದ್ದ ಮಾಸ್ಟ್ರು ಎದ್ದು ನಿಂತರು.

"ನೀವು ಒಂದು ದಿನವಾದರೂ ಒಳಗೆ ಬಂದದ್ದುಂಟಾ?"

"ಒಳಗಿದ್ದವರನ್ನೇ ಕರ್ಕೊಂಡು ಬನ್ನಿ ಅಜ್ಜ, ಅವರೇ ಹೇಳಲಿ!" ಎಂದು ವೇದಿಕೆಯಿಂದ ಯಾರೋ ಕೂಗಿದರು. ಸಭೆ ನಕ್ಕಿತು.

ಮಾಸ್ಟ್ರು ಆ ಮಾತನ್ನು ನಿಜವೆಂದೇ ತೆಗೆದುಕೊಂಡರು. 'ಇಲ್ಲಿ ಕಸುಬು ಕಲಿಸುವ ಜೈಲಿತ್ತು' ಎಂದು ಕೆತ್ತಿದ ಒಂದು ಕಲ್ಲು ಹೊಸ ಗೋಡೆಯಲ್ಲಿ ಇರಬೇಕೆಂದು ಅರ್ಜಿ ಬರೆದರು. ಕಲಿತವರ ಸಹಿಗಾಗಿ ಅಜೆಕಾರಿನಿಂದ ಮಲ್ಪೆಯವರೆಗೆ ತಿರುಗಿದರು. ಯಾರೂ ಹಾಕಲಿಲ್ಲ. ಕೊನೆಗೆ ನಮ್ಮಲ್ಲಿಗೆ ಬಂದರು.

ಆ ಹೊತ್ತಿಗೆ ನನ್ನನ್ನು ನೋಡಲು ಬಂದ ಗಂಡಿನ ಸೋದರಮಾವ ಜಗಲಿಯಲ್ಲಿ ಕುಳಿತಿದ್ದರು. ಅಪ್ಪ ಬೊಂಬಾಯಿಯ ಗಿರಣಿಯಲ್ಲಿ ನೇಯ್ಗೆ ಕಲಿತವರೆಂದು ಅವರಿಗೆ ಹೇಳಿದ್ದೆವು. ಅರ್ಜಿ ಕಂಡ ಅಪ್ಪ ತಲೆ ಎತ್ತಲಿಲ್ಲ. ನಾನೇ ಮುಂದೆ ಬಂದು, "ನೀವು ಯಾರು? ಮನೆ ತಪ್ಪಿರಬೇಕು" ಎಂದೆ.

ಮಾಸ್ಟ್ರು ನನ್ನ ಸೀರೆಯನ್ನು, ನೆಂಟರನ್ನು ನೋಡಿದರು. ಕಾಗದ ಮಡಚಿ, "ಹೌದು ಮಗಾ, ಮನೆ ತಪ್ಪಿತು" ಎಂದು ಅಂಗಳ ಇಳಿದರು. ಅರ್ಜಿ ಅವರೊಬ್ಬರ ಸಹಿಯೊಂದಿಗೆ ಹೋಯಿತು. ಕಲ್ಲು ಬರಲಿಲ್ಲ.

ಕಳೆದ ತಿಂಗಳು ಮಾಸ್ಟ್ರು ತೀರಿಕೊಂಡರು. ಅಪ್ಪ ಅದಕ್ಕೂ ಮೊದಲೇ ಹೋಗಿದ್ದರು. ಮಾಸ್ಟ್ರ ಉತ್ತರಕ್ರಿಯೆಯ ದಿನ ಅಂಗಳದ ತುಂಬ ಮನೆಯವರಿಗೆ ಗುರುತಿಲ್ಲದ ಗಂಡಸರು. "ಅಪ್ಪನ ಪರಿಚಯ ಹೇಗೆ?" ಎಂದು ಮಾಸ್ಟ್ರ ಮಗಳು ಒಬ್ಬೊಬ್ಬರನ್ನೇ ಕೇಳುತ್ತಿದ್ದರು. "ಹೀಗೇ, ಊರಿನವರು" ಎಂದು ಎಲ್ಲರೂ ಎಲೆಯ ಮೇಲೆ ಬಗ್ಗಿದರು. ನನ್ನನ್ನೂ ಕೇಳಿದರು.

"ನನ್ನ ಅಪ್ಪ ಅವರ ಜೈಲಿನಲ್ಲಿದ್ದರು" ಎಂದೆ, ಎಲ್ಲರಿಗೂ ಕೇಳುವ ಹಾಗೆ.

ಊಟದ ಪಂಕ್ತಿಯಲ್ಲಿ ಉಣ್ಣುತ್ತಿದ್ದ ಕೈಗಳು ಒಂದೊಂದಾಗಿ ಎಲೆಯ ಮೇಲೆಯೇ ನಿಂತವು.