ಹನ್ನೊಂದು ಬಾತುಮೊಟ್ಟೆ ಮತ್ತು ಸೆಕೆಂಡು ಸಾಹೇಬರು

ಗಡಿಯಾರ ರಿಪೇರಿಯವರಿಗೆ ‘ಸೆಕೆಂಡು ಸಾಹೇಬರು’ ಎಂದು ಹೆಸರಿಟ್ಟವರು ಯಾರೋ ಗೊತ್ತಿಲ್ಲ. ಇಟ್ಟವರು ಗೇಲಿಗೆ ಇಟ್ಟಿದ್ದರು, ಇವರು ಬಿರುದೆಂದು ಹೊದ್ದುಕೊಂಡಿದ್ದರು. ಮೂವತ್ತೆರಡು ವರ್ಷದಿಂದ ಒಂದೇ ಅಂಗಡಿ, ಒಂದೇ ಮುರುಕು ಸ್ಟೂಲು, ಗೋಡೆಯ ತುಂಬ ನಲವತ್ತೊಂದು ಗಡಿಯಾರ. ದಾರಿಯಲ್ಲಿ ಯಾರಾದರೂ ಟೈಮೆಷ್ಟು ಎಂದು ಕೇಳಿದರೆ ‘ಹತ್ತೂವರೆ’ ಎಂದು ಹೇಳಿ ಮುಂದೆ ಹೋಗುವ ಜಾತಿಯಲ್ಲ. “ಹತ್ತು ಇಪ್ಪತ್ತೊಂಬತ್ತು, ನಲವತ್ತು ಸೆಕೆಂಡು. ನೀವು ಬಾಯಿ ಮುಚ್ಚೋ ಹೊತ್ತಿಗೆ ನಲವತ್ತೆರಡು” ಎನ್ನುತ್ತಿದ್ದರು. ಬಸ್ಸು ತಡವಾದರೆ ತಪ್ಪು ಬಸ್ಸಿನದು. ಸೂರ್ಯ ತಡವಾಗಿ ಹುಟ್ಟಿದರೆ ತಪ್ಪು ಸೂರ್ಯನದು.

ಅಂಗಡಿಯ ಹಿಂದೆ ಎರಡು ಕೋಣೆಯ ಮನೆ, ಮನೆಯ ಹಿಂದೆ ಅಂಗಳ, ಅಂಗಳದಲ್ಲಿ ಸಿಮೆಂಟಿನ ತೊಟ್ಟಿ. ತೊಟ್ಟಿಯೂ ಅದರೊಳಗಿನ ಐದು ಹೆಣ್ಣು ಬಾತುಕೋಳಿಗಳೂ ಒಂದು ಗಂಡೂ ಹೆಂಡತಿಯ ರಾಜ್ಯ. ಅವಳ ತಾಯಿ ಸಾಕಿದ ಬಾತುಗಳ ಸಂತಾನ ಅದು, ತಲೆಮಾರು ತಪ್ಪದೆ ಬಂದದ್ದು. ಸಾಹೇಬರು ಆ ಕಡೆ ತಲೆ ಹಾಕುತ್ತಿದ್ದದ್ದು ಅಪರೂಪ. ಆದರೆ ಒಂದು ವಿಷಯಕ್ಕೆ ಮೆಚ್ಚಿದ್ದರು: ಬಾತುಗಳು ಬೆಳಕು ಹರಿಯುವ ಹೊತ್ತಿಗೆ ಮೊಟ್ಟೆ ಇಟ್ಟು ಎಂಟರೊಳಗೆ ಕೆಲಸ ಮುಗಿಸುತ್ತಿದ್ದವು. “ಈ ಮನೇಲಿ ನನ್ನ ಬಿಟ್ರೆ ಶಿಸ್ತು ಇರೋದು ಇವಕ್ಕೇ” ಎಂದು ಆಗಾಗ ಸರ್ಟಿಫಿಕೇಟು ಕೊಡುತ್ತಿದ್ದರು.

“ಇಡೋದರಲ್ಲಿ ಶಿಸ್ತು ಸರಿ, ಆಮೇಲೆ?” ಎನ್ನುತ್ತಿದ್ದಳು ಹೆಂಡತಿ. “ಎಲ್ಲಿ ಬೇಕೋ ಅಲ್ಲಿ ಉದುರಿಸಿ ಕೈ ತೊಳ್ಕೊಳ್ತಾವೆ. ಕಾವು ಕೂರೋಕೆ ಒಂದಕ್ಕೂ ಕುಂಡೆ ನಿಲ್ಲಲ್ಲ.” ಹಾಗಾಗಿ ಪ್ರತಿ ಸಲ ಮರಿ ಬೇಕಾದಾಗ ಅವಳು ಪಕ್ಕದ ಕ್ಷೌರದಂಗಡಿಯವನಿಂದ ಕಾವಿಗೆ ಬಂದ ಕೋಳಿಯನ್ನು ಕಡ ತರುತ್ತಿದ್ದಳು.

ಆ ಸಲ ಬೀದಿನಾಯಿಯೊಂದು ಗಂಡು ಬಾತನ್ನು ಎತ್ತಿಕೊಂಡು ಹೋಯಿತು. ಹೆಂಡತಿ ಆ ದಿನ ಒಲೆ ಹಚ್ಚಲಿಲ್ಲ. ಮರುದಿನ ಎದ್ದವಳೇ ಮೊಟ್ಟೆ ಆರಿಸತೊಡಗಿದಳು.

“ಗಂಡಿಲ್ಲದಿದ್ರೂ ಮೊಟ್ಟೆ ಇಡ್ತವೆ ರೀ. ಮರಿ ಆಗಲ್ಲ ಅಷ್ಟೆ. ಅವನ ಋಣ ಇನ್ನು ನಾಲ್ಕು ದಿನದ ಮೊಟ್ಟೆಲಿರುತ್ತೆ, ಆಮೇಲೆ ಇಲ್ಲ. ಕೋಳಿ ಕೆಳಗೆ ಹಿಡಿಸೋದು ಹನ್ನೊಂದೇ. ಈ ಹನ್ನೊಂದರಲ್ಲಿ ಒಂದಾದ್ರೂ ಗಂಡು ಹುಟ್ಟಬೇಕು. ಹುಟ್ಟದಿದ್ರೆ ಅಮ್ಮನ ಬಾತುಗಳ ಕತೆ ಇಲ್ಲಿಗೆ ಮುಗೀತು. ಸುತ್ತ ಎಲ್ಲೂ ಈ ಜಾತಿ ಗಂಡು ಸಿಗಲ್ಲ.”

ಕೋಳಿಯನ್ನು ಕೂರಿಸಿದ್ದು ಬೆಳಗ್ಗೆ ಒಂಬತ್ತಕ್ಕೆ. ಸಂಜೆ ಮಗಳ ಮನೆಯಿಂದ ಫೋನು: ದಿನ ತುಂಬುತ್ತಾ ಬಂತು, ಅಮ್ಮ ಬೇಗ ಬರಬೇಕು. ಹೆಂಡತಿ ಬಟ್ಟೆ ಗಂಟು ಕಟ್ಟುತ್ತಲೇ ಶುರು ಮಾಡಿದಳು.

“ದಿನಾ ಕೋಳಿ ಎದ್ದು ಹೋದಾಗ ಮೊಟ್ಟೆಗೆ ಚೂರು ನೀರು ಚಿಮುಕಿಸಿ. ಬಾತುಮೊಟ್ಟೆಗೆ ಪಸೆ ಬೇಕು. ಆಮೇಲೆ ದಿನದ ವಿಷ್ಯ, ಎಷ್ಟು ದಿನ ಅಂದ್ರೆ...”

ಸಾಹೇಬರು ಕೈ ಎತ್ತಿ ತಡೆದರು. “ಟೈಮಿನ ವಿಷ್ಯ ನೀನು ನನಗೆ ಹೇಳಿಕೊಡ್ತೀಯಾ? ಮೀನಿಗೆ ಈಜು ಕಲಿಸ್ತೀಯಾ?”

“ಹಾಗಲ್ಲ ರೀ, ಬಾತಿಗೂ ಕೋಳಿಗೂ...”

“ಬಸ್ಸಿಗೆ ಏಳು ನಿಮಿಷ ಇದೆ.”

ಅವಳು ಹೋದಳು.

ಸಾಹೇಬರು ಕ್ಯಾಲೆಂಡರಿನ ಮುಂದೆ ನಿಂತು ಯೋಚಿಸಿದರು. ಅವರ ಕಸುಬಿನ ತರ್ಕ ಸರಳ. ಗಡಿಯಾರದ ಹೊರಗಿನ ಡಬ್ಬಿ ಬೆಳ್ಳಿಯದಾಗಲಿ ತಗಡಿನದಾಗಲಿ, ಓಡಿಸುವುದು ಒಳಗಿನ ಯಂತ್ರ. ಯಂತ್ರ ಯಾವುದೋ, ವೇಗ ಅದರದ್ದೇ. ಇಲ್ಲಿ ಮೊಟ್ಟೆ ಬರೀ ಡಬ್ಬಿ. ಯಂತ್ರ ಕೋಳಿ. ಕೋಳಿಯ ಕಾವು ಇಪ್ಪತ್ತೊಂದು ದಿನ ಎಂಬುದು ಹಾಲುಗಲ್ಲದ ಕೂಸಿಗೂ ಗೊತ್ತು. ಇಪ್ಪತ್ತೊಂದನೆಯ ದಿನದ ಸುತ್ತ ಕೆಂಪು ಶಾಯಿಯಲ್ಲಿ ಗುಂಡಗೆ ಗೀಟು ಎಳೆದು ‘ಬೆಳಗ್ಗೆ 9.00’ ಎಂದು ಬರೆದರು. ಬರೆದದ್ದು ಸಾಲದೆಂದು ಅಂಗಡಿಗೆ ಬಂದವರಿಗೆಲ್ಲ ಹೇಳಿದರು.

ಇಪ್ಪತ್ತೊಂದನೆಯ ದಿನ ಅಂಗಳದಲ್ಲಿ ಆರು ಜನ ಸೇರಿದ್ದರು. ಕ್ಷೌರದಂಗಡಿಯವನು ಗಿರಾಕಿಯೊಬ್ಬನನ್ನು ಅರ್ಧ ಗಡ್ಡದಲ್ಲೇ ಎಬ್ಬಿಸಿಕೊಂಡು ಬಂದಿದ್ದ. ಒಂಬತ್ತಾಯಿತು. ಒಳಗೆ ನಲವತ್ತೊಂದು ಗಡಿಯಾರ ಒಟ್ಟಿಗೆ ಬಾರಿಸಿದವು. ಕೋಳಿ ಕಣ್ಣು ಮುಚ್ಚಿ ಕೂತಿತ್ತು.

“ಸಾಹೇಬ್ರೇ, ಒಂಬತ್ತು ಹೊಡೀತು” ಎಂದ ಕ್ಷೌರದಂಗಡಿಯವನು.

“ಕೇಳಿಸ್ತು.”

“ಕೋಳಿಗೆ ಕೇಳಿಸಿಲ್ಲ ಅನ್ಸುತ್ತೆ.”

ಹತ್ತೂವರೆಗೆ ಅರ್ಧ ಗಡ್ಡದವನು ಉಳಿದರ್ಧ ಬೋಳಿಸಿಕೊಳ್ಳಲು ಹೋದ. ಮಧ್ಯಾಹ್ನದ ಹೊತ್ತಿಗೆ ಬೀದಿಗೆ ಬೀದಿಯೇ ‘ಸಾಹೇಬ್ರ ಮೊಟ್ಟೆ ಸ್ಲೋ ಆಗಿದೆ, ಕೀಲಿ ಕೊಡಬೇಕಂತೆ’ ಎಂದು ನಗುತ್ತಿತ್ತು. ಸಾಹೇಬರು, ಜಟ್ಟಿ ಬಿದ್ದರೂ ಮೀಸೆ ಮಣ್ಣಾಗಲಿಲ್ಲ ಎನ್ನುವ ಹಾಗೆ, “ಮೊಟ್ಟೆಗಳಲ್ಲೇ ದೋಷ” ಎಂದು ತೀರ್ಪು ಕೊಟ್ಟರು.

ಮರುದಿನ ಬೆಳಗ್ಗೆ ಕೋಳಿಯೂ ಹಾಗೇ ಅಂದುಕೊಂಡಿತೋ ಏನೋ, ಎದ್ದು ಮೈ ಕೊಡವಿ ಅಂಗಳ ಕೆದಕಲು ಹೋಯಿತು. ಹಿಡಿದು ತಂದು ಕೂರಿಸಿದರು. ಎದ್ದಿತು. ಮತ್ತೆ ಕೂರಿಸಿದರು. ಕೈ ಕುಕ್ಕಿತು.

“ಬಿಡಿ ಸಾಹೇಬ್ರೇ, ಅವಳ ಡ್ಯೂಟಿ ಮುಗೀತು” ಎಂದ ಕೋಳಿಯ ಒಡೆಯ. “ಮೊಟ್ಟೆ ಕೊಳೆತಿವೆ. ಗುಂಡಿ ತೋಡಿ ಹಾಕಿಬಿಡಿ, ನಾರೋಕೆ ಮುಂಚೆ.”

ಸಾಹೇಬರು ಕಾವಿನ ಬುಟ್ಟಿ ಎತ್ತಿದರು. ಎತ್ತಿದವರಿಗೆ ಹೆಂಡತಿಯ ಮುಖ ನೆನಪಾಯಿತು. ಮುಚ್ಚಿದ ಡಬ್ಬಿಯನ್ನು ಒಳಗೆ ನೋಡದೆ ಬಿಸಾಡಿದ ದಾಖಲೆ ಅವರ ಮೂವತ್ತೆರಡು ವರ್ಷದಲ್ಲಿ ಇಲ್ಲ. ಬುಟ್ಟಿಯನ್ನು ಅಂಗಡಿಗೆ ತಂದು ಬಾಗಿಲು ಮುಚ್ಚಿ, ಮೇಜಿನ ದೀಪ ಹಚ್ಚಿ, ಕಪ್ಪು ಕಾಗದವನ್ನು ಕೊಳವೆಯಂತೆ ಸುತ್ತಿ ಅದರ ಬಾಯಿಗೆ ಒಂದು ಮೊಟ್ಟೆ ಒಡ್ಡಿದರು.

ಮೊದಲನೆಯದು ಖಾಲಿ ಬಲ್ಬಿನ ಹಾಗೆ ಹಳದಿಯಾಗಿ ಹೊಳೆಯಿತು. ಪಕ್ಕಕ್ಕಿಟ್ಟರು. ಎರಡನೆಯದರಲ್ಲಿ ಮುಕ್ಕಾಲು ಪಾಲು ಕತ್ತಲು, ಮೇಲೆ ಬೆಳಕಿನ ಒಂದು ಟೋಪಿ. ಕಣ್ಣಿಗೆ ಭೂತಗನ್ನಡಿ ಸಿಕ್ಕಿಸಿ ಬಗ್ಗಿದರು. ಕತ್ತಲಿನ ಅಂಚು ಸರಿಯಿತು. ತಮ್ಮ ಕೈಯೇ ನಡುಗಿತೇನೋ ಎಂದು ಮೊಣಕೈಯನ್ನು ಮೇಜಿಗೆ ಒತ್ತಿ, ಉಸಿರು ಹಿಡಿದು ನೋಡಿದರು. ಮತ್ತೆ ಸರಿಯಿತು! ಒಳಗೆ ಯಾರೋ ಮಗ್ಗುಲು ಬದಲಿಸಿದ ಹಾಗೆ!

“ನಡೀತಿದೆ!” ಎಂದು ಸಾಹೇಬರು ಕೂಗಿದ್ದು ಪಕ್ಕದಂಗಡಿಗೆ ಕೇಳಿಸಿ ಅಲ್ಲಿ ಕತ್ತರಿ ನಿಂತಿತು. ಮೂರನೆಯದೂ ನಡೆಯುತ್ತಿತ್ತು. ನಾಲ್ಕನೆಯದೂ. ಹತ್ತಕ್ಕೆ ಹತ್ತೂ ನಡೆಯುತ್ತಿದ್ದವು.

ಆಮೇಲೆ ಅವರು ಬದುಕಿನ ಅತಿ ಕಷ್ಟದ ಕೆಲಸ ಮಾಡಿದರು. ಹೆಂಡತಿಗೆ ಫೋನು ಹಚ್ಚಿ ಟೈಮು ಕೇಳಿದರು.

“ಏ, ಇವಳೇ... ಬಾತುಮೊಟ್ಟೆ ಒಡೆಯೋಕೆ ಎಷ್ಟು ದಿನ?”

“ಇಪ್ಪತ್ತೆಂಟು ರೀ. ಯಾಕೆ?”

“ಸುಮ್ನೆ.”

“ಸುಮ್ನೆ ಅಲ್ಲ. ಬಿಸಾಡಿದ್ರಾ?”

“ಕೋಳಿ ಎದ್ದುಬಿಡ್ತು ಕಣೇ!” ಎಂದು ಎಲ್ಲ ಹೇಳಿಬಿಟ್ಟರು, ಕೆಂಪು ಗೀಟು, ಅರ್ಧ ಗಡ್ಡ, ಏನನ್ನೂ ಮುಚ್ಚಿಡಲಿಲ್ಲ. ಹೆಂಡತಿ ಬೈಯಲಿಲ್ಲ. ಬೈಯಲು ಪುರಸೊತ್ತಿರಲಿಲ್ಲ. “ಇಲ್ಲೂ ಹೇಳಿದ ದಿನ ಮುಗಿದು ಮೂರು ದಿನ ಆಯ್ತು, ಮಗು ಬಂದಿಲ್ಲ. ಡಾಕ್ಟ್ರು ಕಾಯಿರಿ ಅಂತಾರೆ. ನೀವೂ ಕಾಯಿರಿ. ಬೆಚ್ಚಗಿಡಿ, ಒಣಗಿಸಬೇಡಿ, ದಿನಕ್ಕೆ ನಾಲ್ಕೈದು ಸಲ ಹೊರಳಿಸಿ. ಕೊನೇ ಮೂರು ದಿನ ಮಾತ್ರ ಮುಟ್ಟಕೂಡದು.”

ಗೋಡೆಗೆ ಹೊಂದಿಕೊಂಡಿದ್ದ ಗಾಜಿನ ಪೆಟ್ಟಿಗೆಯಿಂದ ಕೈಗಡಿಯಾರಗಳೆಲ್ಲ ಹೊರಬಿದ್ದು ಮೊಟ್ಟೆಗಳು ಒಳಗೆ ಹೋದವು. ಪೆಟ್ಟಿಗೆಗೆ ಬಲ್ಬು, ಬಲ್ಬಿನ ಪಕ್ಕ ಒದ್ದೆ ಬಟ್ಟೆ, ಒಳಗೆ ಸೆಖೆ ಅಳೆಯುವ ಥರ್ಮಾಮೀಟರು. ನೂರು ದಾಟಿದರೆ ಬಾಗಿಲು ಓರೆ, ಇಳಿದರೆ ಮುಚ್ಚು. ಹೊರಳಿಸಲು ಐದು ಅಲಾರಂ. ಅಲಾರಂ ಹೊಡೆದರೆ ಸಾಹೇಬರು ಗಿರಾಕಿಯ ಮಾತನ್ನು ಅರ್ಧಕ್ಕೇ ಬಿಟ್ಟು ಓಡುತ್ತಿದ್ದರು. ‘ನನ್ನ ವಾಚು ಎಂದು ಸಿಗುತ್ತೆ’ ಎಂದವರಿಗೆ “ಇಪ್ಪತ್ತೆಂಟು ಕಳೀಲಿ” ಎಂಬ ಉತ್ತರ. ಮೊಟ್ಟೆ ಹೊರಳಿಸುವಾಗ ಆ ಬೆರಳುಗಳಲ್ಲಿ, ಕೂದಲೆಳೆಯ ಸ್ಪ್ರಿಂಗು ಎತ್ತುವಾಗ ಇರುತ್ತಿದ್ದ ಅದೇ ನಾಜೂಕು.

ಇಪ್ಪತ್ತೇಳನೆಯ ದಿನ ಬೆಳಗ್ಗೆ ಪೆಟ್ಟಿಗೆಯ ಗಾಜಿಗೆ ಕಿವಿ ಇಟ್ಟವರು ನೆಟ್ಟಗಾದರು. ಟಿಕ್. ಗೋಡೆಯ ನಲವತ್ತೊಂದೂ ಟಿಕ್ ಎನ್ನುತ್ತಿದ್ದುದರಿಂದ ನಂಬಿಕೆ ಬರಲಿಲ್ಲ. ಒಂದೊಂದಾಗಿ ಲೋಲಕಗಳನ್ನೆಲ್ಲ ಹಿಡಿದು ನಿಲ್ಲಿಸಿದರು. ಕೈಯ ವಾಚನ್ನೂ ಬಿಚ್ಚಿಟ್ಟರು. ಮೂವತ್ತೆರಡು ವರ್ಷದಲ್ಲಿ ಮೊದಲ ಸಲ ಅಂಗಡಿ ಮೂಕವಾಯಿತು. ಮತ್ತೆ ಕಿವಿ ಇಟ್ಟರು. ಟಿಕ್, ಟಿಕ್ಕಿಟಿಕ್. ಲಯವೂ ಇಲ್ಲ, ಲೆಕ್ಕವೂ ಇಲ್ಲ.

ಮೌನಕ್ಕೆ ಹೆದರಿ ಕ್ಷೌರದಂಗಡಿಯವನು ಓಡಿ ಬಂದ. “ಏನಾಯ್ತು ಸಾಹೇಬ್ರೇ, ಯಾರಾದ್ರೂ ಹೋದ್ರಾ?”

“ಬರ್ತಿದಾರೆ ಕಣಯ್ಯಾ! ಬಾ, ಬಾ, ಮೆತ್ತಗೆ ಬಾ!”

ಮಧ್ಯಾಹ್ನದ ಹೊತ್ತಿಗೆ ಒಂದು ಮೊಟ್ಟೆಯ ಮೇಲೆ ಸಾಸಿವೆಯಷ್ಟು ತೂತು. ಸಂಜೆಯಾದರೂ ಅದು ಸಾಸಿವೆಯಷ್ಟೇ. ಸಾಹೇಬರ ಕೈ ಚಿಮಟದ ಕಡೆ ಹೋಯಿತು. ಅದೇ ಹೊತ್ತಿಗೆ ಫೋನು ಬಡಿದುಕೊಂಡಿತು.

“ಹೆಣ್ಣು ಮಗು ರೀ! ಇಬ್ಬರೂ ಚೆನ್ನಾಗಿದಾರೆ! ಅಲ್ಲಿ ಏನಾಯ್ತು?”

“ತೂತು ಬಿದ್ದಿದೆ! ನಾನು ಚೂರು ಬಿಡಿಸಿ...”

“ಕೈ ಇಟ್ಟೀರಾ ಜೋಕೆ! ರಕ್ತ ಬರುತ್ತೆ. ಅದರ ಪಾಡಿಗೆ ಅದು ಬರುತ್ತೆ.”

ಚಿಮಟ ಕೆಳಗೆ ಬಂತು. ಅಜ್ಜನಾದ ಸುದ್ದಿಯನ್ನು ಕ್ಷೌರದಂಗಡಿಯವನಿಗೆ ಹೇಳುವಷ್ಟೂ ಕಣ್ಣನ್ನು ಗಾಜಿನಿಂದ ಕೀಳಲಾಗಲಿಲ್ಲ.

ಮರುದಿನ ಬೆಳಗ್ಗೆ ಬಾಗಿಲು ತೆರೆದಾಗ ಪೆಟ್ಟಿಗೆಯೊಳಗೆ ಒದ್ದೆ ಹಳದಿ ತುಪ್ಪಳದ ಎರಡು ಮುದ್ದೆ. ಒಂಬತ್ತಕ್ಕೆ ನಾಲ್ಕು. ಮಧ್ಯಾಹ್ನಕ್ಕೆ ಎಂಟು. ಇನ್ನೆರಡು ಒಡೆಯಲೇ ಇಲ್ಲ. ಈ ಸಲ ಬೀದಿಗೆ ಬೀದಿಯೇ ಒಳಗೆ ನುಗ್ಗಿತ್ತು. ಮರಿಗಳು ಯಾರನ್ನೂ ಲೆಕ್ಕಕ್ಕೆ ತೆಗೆದುಕೊಳ್ಳದೆ ಸಾಹೇಬರ ಚಪ್ಪಲಿಯ ಹಿಂದೆ ಸಾಲು ಕಟ್ಟಿದವು. ಅವರು ಸ್ಟೂಲಿಗೆ ಹೋದರೆ ಸ್ಟೂಲಿಗೆ, ಬಾಗಿಲಿಗೆ ಹೋದರೆ ಬಾಗಿಲಿಗೆ.

“ಅಕ್ಕ ಬರಲಿ, ಹೇಳ್ತೀನಿ. ಸಾಹೇಬ್ರು ಬಾಣಂತಿ ಆಗಿದಾರೆ ಅಂತ” ಎಂದ ಕ್ಷೌರದಂಗಡಿಯವನು. ಸಾಹೇಬರಿಗೆ ಸಿಟ್ಟು ಬರಬೇಕಿತ್ತು. ಬರಲಿಲ್ಲ.

ಹೆಂಡತಿ ಬಂದವಳು ಒಂದೊಂದನ್ನೂ ಎತ್ತಿ ಕೆನ್ನೆಗೆ ಒತ್ತಿಕೊಂಡಳು. “ಗಂಡು ಯಾವುದು?” ಎಂದು ಸಾಹೇಬರು ಕೇಳಿದರು. ಈಗ ಕೇಳುವುದು ಅಭ್ಯಾಸವಾಗಿತ್ತು.

“ದನಿ ಒಡೆಯೋವರೆಗೆ ತಿಳಿಯಲ್ಲ. ಕಿರುಚೋದು ಹೆಣ್ಣು. ಗಂಟಲು ಕಟ್ಟಿದ ಹಾಗೆ ಪಿಸುಗುಟ್ಟೋದು ಗಂಡು.”

“ಅಂದ್ರೆ ಥೇಟ್ ನಮ್ಮನೆ.”

“ಏನಂದ್ರಿ?”

“ಏನಿಲ್ಲ.”

ಎರಡು ತಿಂಗಳು ಬೆಳಗಾದರೆ ಇಬ್ಬರೂ ತೊಟ್ಟಿಯ ಪಕ್ಕ. ಒಂದು ಕಿರುಚಿತು, ಹೆಣ್ಣು. ಇನ್ನೊಂದು ಕಿರುಚಿತು, ಹೆಣ್ಣು. ಹೀಗೆ ಏಳಕ್ಕೆ ಏಳೂ ಕಿರುಚಿದವು. ಹೆಂಡತಿ ಸೆರಗಿನ ಅಂಚನ್ನು ಬೆರಳಿಗೆ ಸುತ್ತುತ್ತಾ ಬಿಡುತ್ತಾ ಕೂತಳು. ಎಂಟನೆಯದು ಮಾತ್ರ ಬಾಯೇ ಬಿಡದು. ಒಂದು ದಿನ ಸಾಹೇಬರು ಅದರ ಎದುರು ಕುಕ್ಕರುಗಾಲಲ್ಲಿ ಕೂತು “ಏನಾದ್ರೂ ಹೇಳೋ ಮಾರಾಯ” ಎಂದು ಬೇಡಿಕೊಂಡರು. ಅದು ಕತ್ತು ಉದ್ದ ಮಾಡಿ, ನೆಗಡಿಯಾದವನ ಹಾಗೆ “ಹ್ರಾ” ಎಂದಿತು.

“ಗಂಡು!” ಹೆಂಡತಿ ಚೀರಿದ್ದಕ್ಕೆ ಏಳೂ ಹೆಣ್ಣುಗಳು ಜೊತೆಗೂಡಿದವು. ಕ್ಷೌರದಂಗಡಿಯವನು ಕತ್ತರಿ ಸಮೇತ ಗೋಡೆ ಹತ್ತಿ ಇಣುಕಿದ.

“ಶುಭವಾಗ್ಲಿ! ಹಂಗಾದ್ರೆ ಇವು ಯಾವಾಗ ಮೊಟ್ಟೆ ಇಡ್ತವೆ ಸಾಹೇಬ್ರೇ? ದಿನ, ಗಂಟೆ, ಸೆಕೆಂಡು?”

ಸಾಹೇಬರು ಅಭ್ಯಾಸಬಲದಿಂದ ಮಣಿಕಟ್ಟು ನೋಡಿಕೊಂಡರು. ಮೊಟ್ಟೆ ಟಿಕ್ ಎಂದ ದಿನ ಬಿಚ್ಚಿಟ್ಟ ವಾಚನ್ನು ಇನ್ನೂ ಕಟ್ಟಿಕೊಂಡಿರಲಿಲ್ಲ.

“ತಡಿ” ಎಂದರು. “ನಮ್ಮ ಮನೆಯವಳನ್ನ ಕೇಳಿ ಹೇಳ್ತೀನಿ.”