ಸಣ್ಣೇಗೌಡ ತಿಂದ ತುಪ್ಪ

ಒಬ್ಬ ಗಂಡಸು ಒಂದು ಊಟಕ್ಕೆ ಎಷ್ಟು ತುಪ್ಪ ತಿನ್ನಬಹುದು? ಮಡಿಕೇರಿಯ ಕೋರ್ಟಿನಲ್ಲಿ ಕರಿ ಕೋಟಿನ ವಕೀಲರಿಬ್ಬರು ಈ ಪ್ರಶ್ನೆಗೆ ಬೆವರು ಸುರಿಸಿದ್ದನ್ನು ನಾನು ಕಣ್ಣಾರೆ ಕಂಡೆ. (ಮಡಿಕೇರಿಯ ಚಳಿಯಲ್ಲಿ ಬೆವರುವುದೇನು ಸುಲಭವೇ?)

ತುಪ್ಪ ತಿಂದವನು ಈಗಿಲ್ಲ. ನಮ್ಮ ಪಕ್ಕದ ಮನೆಯ ಸಣ್ಣೇಗೌಡ. ಹಾಸನದ ಕಡೆಯಿಂದ ಬಂದು ಕುಶಾಲನಗರದ ಹತ್ತಿರ ಜಮೀನು ಮಾಡಿಕೊಂಡವನು. ಬೇಸಾಯದ ಜೊತೆಗೆ ಎತ್ತಿನ ಗಾಡಿಯ ಬಾಡಿಗೆ. ಸುಂಟಿಕೊಪ್ಪದ ಆಚೆ ತಿರುವಿನಲ್ಲಿ ಲಾರಿಯೊಂದು ರಸ್ತೆಯ ತಪ್ಪು ಮಗ್ಗುಲಿಗೆ ನುಗ್ಗಿ ಅವನನ್ನೂ ಒಂದು ಎತ್ತನ್ನೂ ಕೊಂದಿತು. ಹೆಂಡತಿ ನಂಜಮ್ಮ, ಇಬ್ಬರು ಮಕ್ಕಳು, ತಾಯಿ ಪುಟ್ಟಮ್ಮಜ್ಜಿ ಉಳಿದರು. ಕೋರ್ಟಿನಲ್ಲಿ ಲಾರಿಯ ಯಜಮಾನನಿಂದ ಪರಿಹಾರ ಸಿಕ್ಕರೆ ಎತ್ತು ತಂದು, ಆಳು ಇಟ್ಟು ಬೇಸಾಯ ನಡೆಸಬಹುದು. ಇಲ್ಲವಾದರೆ ಜಮೀನು ಮಾರಿ, ಪಾಲಿಬೆಟ್ಟದ ಕಡೆ ಯಾವುದಾದರೂ ಕಾಫಿ ಎಸ್ಟೇಟಿನ ಕೂಲಿ ಲೈನು ಸೇರಿ ಹಣ್ಣು ಕೀಳುವ ಪಿಕ್ಕಿಂಗಿಗೆ ಹೋಗಬೇಕು.

ಎತ್ತಿನ ಲೆಕ್ಕ ಸಲೀಸಾಗಿ ಮುಗಿಯಿತು. ಸಂತೆಯಲ್ಲಿ ಅಂಥದ್ದಕ್ಕೆ ಏನು ಬೆಲೆ? ಇಷ್ಟು. ಲಾರಿಯ ಯಜಮಾನ ಒಪ್ಪಿದ. ಆ ಎತ್ತು ಎಷ್ಟು ಹುರುಳಿ ತಿನ್ನುತ್ತಿತ್ತು ಎಂದು ಯಾರೂ ಕೇಳಲಿಲ್ಲ.

ಮನುಷ್ಯನದು ಹಾಗಲ್ಲವಂತೆ. ನಂಜಮ್ಮನ ವಕೀಲರು ತಾಳ್ಮೆಯಿಂದ ವಿವರಿಸಿದರು. ಸತ್ತವನ ಸಂಪಾದನೆ ಎಷ್ಟು ಎಂದು ಮೊದಲು ನೋಡುತ್ತಾರೆ. ಅದರಲ್ಲಿ ಅವನು ತನ್ನ ಊಟ, ಬಟ್ಟೆ, ಬೀಡಿಗೆ ಖರ್ಚು ಮಾಡಿದ್ದನ್ನು ಕಳೆಯುತ್ತಾರೆ. ಉಳಿದದ್ದು ಮನೆಯವರ ಪಾಲು. ಅವನು ಇನ್ನೆಷ್ಟು ವರ್ಷ ದುಡಿಯುತ್ತಿದ್ದ ಎಂದು ಅಂದಾಜು ಹಾಕಿ ಅದಕ್ಕೆ ಗುಣಿಸುತ್ತಾರೆ.

ಅಂದರೆ, ಚೆನ್ನಾಗಿ ಉಂಡು ಸತ್ತವನ ಹೆಂಡತಿಗೆ ಕಡಿಮೆ. ಅರೆಹೊಟ್ಟೆಯಲ್ಲಿ ಸತ್ತವನ ಹೆಂಡತಿಗೆ ಜಾಸ್ತಿ! ಈ ಲೆಕ್ಕ ಕಂಡುಹಿಡಿದ ಪುಣ್ಯಾತ್ಮನಿಗೆ ಮನೆಯಲ್ಲಿ ಊಟ ಸಿಗುತ್ತಿತ್ತೋ ಇಲ್ಲವೋ?

"ನೋಡಮ್ಮ, ಮಿತವಾಗಿ ಉಣ್ತಿದ್ರು ಅಂತ ಹೇಳು. ಅಷ್ಟೇ ಸಾಕು" ಎಂದರು ವಕೀಲರು. ನಂಜಮ್ಮ ತಲೆಯಾಡಿಸಿದಳು. ಧೈರ್ಯಕ್ಕೆಂದು ಜೊತೆಗೆ ಹೋಗಿದ್ದ ನಾನೂ ತಲೆಯಾಡಿಸಿದೆ.

ವಕೀಲರು ಒಂದನ್ನು ಮರೆತಿದ್ದರು. ಎದುರು ಬೆಂಚಿನಲ್ಲಿ ಅತ್ತೆ ಕೂತಿದ್ದರು! ನಮ್ಮಲ್ಲಿ ಗಂಡ ಸತ್ತ ಮನೆಗೆ ಬಂದ ನೆಂಟರು ಮೊದಲು ಅಳುತ್ತಾರೆ. ಆಮೇಲೆ ವಿಚಾರಣೆ ಶುರು. ಬದುಕಿದ್ದಾಗ ಅವನಿಗೆ ಏನು ಬಡಿಸುತ್ತಿದ್ದಳು? ಎಡೆ ಇಡುವ ದಿನ ಎಲೆಯಲ್ಲಿ ಒಂದು ಪದಾರ್ಥ ಕಡಿಮೆಯಾದರೂ ಸೊಸೆಯ ಮೇಲೆಯೇ ಬರುತ್ತದೆ. ಅತ್ತೆಯ ಮುಂದೆ "ಗಂಡ ಕಮ್ಮಿ ಉಣ್ತಿದ್ದ" ಎಂದು ಬಾಯಿಬಿಡುವ ಹೆಂಗಸು ಇದ್ದಾಳೆಯೇ?

ಲಾರಿಯವರ ವಕೀಲ ಜಾಣ. ದನಿ ಬೆಣ್ಣೆಯ ಹಾಗೆ.

"ತಾಯಿ, ಯಜಮಾನರನ್ನು ಚೆನ್ನಾಗಿ ನೋಡಿಕೊಳ್ತಿದ್ಯಾ?"

"ಅದೇನು ಸ್ವಾಮಿ ಹಂಗಂತೀರಿ? ಏನೂ ಕಮ್ಮಿ ಮಾಡಿರಲಿಲ್ಲ!"

"ಬರೀ ಮುದ್ದೆ, ಉಪ್ಪೆಸರೇನೋ?"

"ಬರೀ ಮುದ್ದೆಯಾ? ಮುದ್ದೆ ಮುಳುಗೋ ಹಂಗೆ ತುಪ್ಪ ಬುಡ್ತಿದ್ದೆ. ವಾರಕ್ಕೊಂದು ಕೋಳಿ. ಹೊಳೆ ಮೀನು ಬಂದ್ರೆ ನಡುತುಂಡು ಅವರಿಗೇಯ."

ನಮ್ಮ ವಕೀಲರು ಹಣೆ ಒತ್ತಿಕೊಂಡರು. ಗುಮಾಸ್ತರು ಎಲ್ಲವನ್ನೂ ಇಂಗ್ಲಿಷಿನಲ್ಲಿ ಬರೆದುಕೊಂಡರು. (ಮುದ್ದೆಗೆ ಏನು ಬರೆದರೋ ದೇವರೇ ಬಲ್ಲ.) ಪ್ರತಿ ಚಮಚಕ್ಕೂ ಮಕ್ಕಳ ಪಾಲು ಕರಗುತ್ತಿತ್ತು. ನಂಜಮ್ಮನೋ ನಿಲ್ಲಿಸುವ ಹಾಗೆ ಕಾಣಲಿಲ್ಲ. ಚಕ್ಕುಲಿ, ಕಜ್ಜಾಯದವರೆಗೂ ಹೋದಳು.

ಆಮೇಲೆ ಪುಟ್ಟಮ್ಮಜ್ಜಿಯ ಸರದಿ. ಸೆರಗು ಬಿಗಿದು ಕಟಕಟೆ ಹತ್ತಿದರು.

"ಅಜ್ಜಿ, ಸೊಸೆ ಹೇಳಿದ್ದು ಕೇಳಿದ್ರಲ್ಲ? ಮಗ ತುಪ್ಪದಲ್ಲೇ ಉಣ್ತಿದ್ದ, ಅಲ್ವಾ?" ಎಂದ ಲಾರಿಯವರ ವಕೀಲ.

"ತುಪ್ಪಾನಾ? ಯಾರ ಮನೆ ತುಪ್ಪ ಬುದ್ಧಿ? ಗಡಿಗೆ ತೋರ್ಸಿ ಕೈಗೆ ಸಿಗದಂಗೆ ನಾಗಂದಿಗೆ ಮೇಲೆ ಮಡಗೋಳು ಇವಳು! ನನ್ ಮಗ ಮದ್ವೆ ಆದ್ಮೇಲೆ ಒಂದು ಹೊತ್ತೂ ಹೊಟ್ಟೆತುಂಬ ಉಂಡೋನಲ್ಲ."

"ಮತ್ತೆ ಕೋಳಿ?"

"ಕೋಳಿ ಕುಯ್ತಿದ್ದುದು ಇವಳ ತಮ್ಮ ಬಂದಾಗ. ನನ್ ಮಗನ ಪಾಲಿಗೆ ಬರೀ ಸಾರು!"

ಕೋರ್ಟೇ ನಕ್ಕಿತು. ಜಡ್ಜ್ ಸಾಹೇಬರಿಗೆ ಇದ್ದಕ್ಕಿದ್ದ ಹಾಗೆ ಕರವಸ್ತ್ರ ಬೇಕಾಯಿತು. ನಂಜಮ್ಮ ಮಾತ್ರ ಕಲ್ಲಿನ ಹಾಗೆ ನಿಂತಿದ್ದಳು.

ತೀರ್ಪಿನ ದಿನವೂ ನಾನು ಹೋದೆ. ಮಗನ ಹೊಟ್ಟೆಯ ವಿಷಯದಲ್ಲಿ ತಾಯಿಯ ಮಾತನ್ನೇ ನಂಬಬೇಕಾಗುತ್ತದೆ ಎಂದರು ಸಾಹೇಬರು. ಸಣ್ಣೇಗೌಡನ ಸ್ವಂತ ಖರ್ಚಿಗೆಂದು ಕಳೆದದ್ದು ಸ್ವಲ್ಪವೇ. ಎತ್ತೂ ಬರುತ್ತದೆ, ಜಮೀನೂ ಉಳಿಯುತ್ತದೆ. ನಮ್ಮ ವಕೀಲರು ಕೈ ಮುಗಿದದ್ದು ಅಜ್ಜಿಗೆ.

ವಾಪಸು ಬರುವ ಬಸ್ಸಿನಲ್ಲಿ ನಂಜಮ್ಮ ಕಿಟಕಿಯತ್ತ ಮುಖ ತಿರುಗಿಸಿ ಕೂತಳು.

"ಏನೇ, ಮುನಿಸಾ?" ಎಂದರು ಅಜ್ಜಿ.

"ಗಂಡನ್ನ ಉಪವಾಸ ಕೆಡವಿದೋಳು ಅಂತ ಸರ್ಕಾರವೇ ಬರಕೊಳ್ತಲ್ಲ ಅತ್ತೆ. ಇನ್ನು ಊರಲ್ಲಿ ಹೆಂಗೆ ತಲೆ ಎತ್ತಲಿ?"

"ಥೂ, ಪೆದ್ದೀ! ನೀನು ತುಪ್ಪ ಬಡಿಸಿದ್ದು ನಂಗೊತ್ತಿಲ್ವಾ? ನನ್ ಎಲೆಗೂ ಬಿದ್ದಿತ್ತಲ್ಲ! ಕೋರ್ಟಲ್ಲೂ ನೀನು ಅವನಿಗೆ ಬಡಿಸ್ತಾನೇ ಹೋದ್ರೆ ಮಕ್ಕಳಿಗೇನು ಉಳೀತಿತ್ತು?"

ನಂಜಮ್ಮ ಅಳುತ್ತಲೇ ನಕ್ಕಳು. "ಹಂಗಾದ್ರೆ ಈ ಮಾತು ಊರಲ್ಲೂ ಹೇಳಿ."

ಅಜ್ಜಿ ಸುತ್ತ ನೋಡಿ ದನಿ ತಗ್ಗಿಸಿದರು. "ಅಪೀಲಿನ ವಾಯಿದೆ ಮುಗೀಲಿ ಸುಮ್ನಿರು. ಲಾರಿಯೋರ ಕಿವಿ ಮುಟ್ಟೀತು."

ನ್ಯಾಯವಾದ ಭಯವೇ. ಮೈಸೂರಿಗೆ ಸೇರದೆ ಬೇರೆಯೇ ಉಳಿದಿರುವ ನಮ್ಮ ಕೊಡಗು ರಾಜ್ಯ ಎಷ್ಟು ಪುಟ್ಟದೆಂದರೆ, ಕುಶಾಲನಗರದಲ್ಲಿ ಪಿಸುಗುಟ್ಟಿದ್ದು ಬಸ್ಸಿಗಿಂತ ಮುಂಚೆ ಆ ತುದಿಯ ಕುಟ್ಟ ಸೇರುತ್ತದೆ. ಕೋರ್ಟಿನ ಮಾತೂ ಹಾಗೆಯೇ ನಮ್ಮೂರು ಸೇರಿತ್ತು. "ಏನು ನಂಜಮ್ಮ, ಗಡಿಗೆ ಇನ್ನೂ ಮೇಲೇ ಇದೆಯಾ?" ಎಂದು ನೀರಿಗೆ ಬಂದ ಹೆಂಗಸರು ಕೆಣಕುತ್ತಾರೆ. ಅವಳು ಹಲ್ಲು ಕಚ್ಚಿ ಕೊಡ ಎತ್ತಿಕೊಂಡು ಬರುತ್ತಾಳೆ.

ಎತ್ತು ಬಂತು. ಉಳುಮೆಯೂ ಆಯಿತು. ಅಪೀಲಿನ ವಾಯಿದೆ ಮುಗಿದು ಬಹಳ ದಿನವಾಯಿತು. ಹೋದ ವಾರ ಜಗುಲಿಯಲ್ಲಿ ಎಲೆಯಡಿಕೆ ಹಾಕುತ್ತಿದ್ದ ಅಜ್ಜಿಯನ್ನು ನಾನೇ ಕೇಳಿದೆ: "ಇನ್ನಾದರೂ ಹೇಳಬಾರದೇ, ಸೊಸೆ ಚೆನ್ನಾಗಿ ಬಡಿಸ್ತಿದ್ದಳು ಅಂತ?"

ಅಜ್ಜಿ ನನ್ನನ್ನು ಮೇಲಿಂದ ಕೆಳಗೆ ನೋಡಿದರು. "ಹೇಳಾನ ತಡಿ ಕಣವ್ವ. ಈಗೇನು ಅರ್ಜೆಂಟು?"

ಲಾರಿ ಯಜಮಾನನ ಕೈಯಿಂದ ದುಡ್ಡು ಬಿಡಿಸಲು ಒಂದು ಕೋರ್ಟು ಸಾಕಾಯಿತು. ಅತ್ತೆಯ ಬಾಯಿಂದ ಸೊಸೆಗೊಂದು ಒಳ್ಳೆಯ ಮಾತು ಬಿಡಿಸಲು ಯಾವ ಕೋರ್ಟಿಗೆ ಹೋಗೋಣ, ನೀವೇ ಹೇಳಿ?