ಕೌದಿಯ ಸುತ್ತ ಒಂದು ಹುಡುಕಾಟ

ರಜೆಗೆ ಬಂದಿರುವ ಮೊಮ್ಮಗಳು ಊಟಕ್ಕೆ ಕೂತಾಗಲೂ ಮೊಬೈಲನ್ನು ತಟ್ಟೆಗೆ ಆನಿಸಿಟ್ಟುಕೊಂಡು ಏನೋ ಆಟ ಆಡುತ್ತಿದ್ದಳು. ರೊಟ್ಟಿ ಆರಿ ಹಪ್ಪಳವಾಗುತ್ತಿತ್ತು.

"ಏನವಾ ಅದು, ಅನ್ನಕ್ಕಿಂತ ಹೆಚ್ಚಿಂದು?" ಎಂದೆ.

"ಒಬ್ಬಾಕಿ ಕಾಣಿಯಾಗ್ಯಾಳ ಅಜ್ಜಿ. ನಾ ಹುಡುಕಬೇಕು. ನಾ ಏನ್ ಆರಿಸ್ತೀನಿ ಅದರ ಮ್ಯಾಲೆ ಕತಿ ಮುಗೀತೈತಿ. ಒಂದೊಂದು ಸಲ ಒಂದೊಂದು ನಮೂನಿ."

ನಾನು ಪಲ್ಯ ಬಡಿಸಲು ಬಗ್ಗಿದ್ದೆ. ಅಷ್ಟರಲ್ಲಿ ಅವಳು ಲೊಚಗುಟ್ಟಿದಳು. "ಛೀ, ಸತ್ತಳು. ಅವನ ಮುಂದ ನಾ ಹೇಳಬಾರದಿತ್ತು. ಇರಲಿ ಬಿಡು, ಹಿಂದಕ್ಕ ಹೋಗಿ ಮತ್ತ ಆಡ್ತೀನಿ."

ನನ್ನ ಕೈಯಲ್ಲಿದ್ದ ಸೌಟು ಹಾಗೇ ನಿಂತಿತು. ಇದರಲ್ಲಿ ಬೆಚ್ಚುವಂಥದ್ದು ನಿಮಗೇನೂ ಕಾಣಲಿಕ್ಕಿಲ್ಲ. ಆದರೆ ಈ ಆಟವನ್ನು ನಾನು ಆಡಿದ್ದೇನೆ. ನಮ್ಮ ಓಣಿಗೆ ಟೀವಿ ಕೂಡ ಬಂದಿರದ ಕಾಲದಲ್ಲಿ, ತಿರ್ಲಾಪುರದಲ್ಲಿ, ಕೈಯಲ್ಲಿ ಸೂಜಿ ಹಿಡಿದುಕೊಂಡು. ಒಂದೇ ವ್ಯತ್ಯಾಸ. ನಮ್ಮದರಲ್ಲಿ ಹಿಂದಕ್ಕೆ ಹೋಗಲು ಬರುತ್ತಿರಲಿಲ್ಲ.

ಎಂಬತ್ತರ ದಶಕದ ಮೊದಲ ವರ್ಷಗಳು. ನಾನು ಕುಂದಗೋಳದಿಂದ ತಿರ್ಲಾಪುರಕ್ಕೆ ಸೊಸೆಯಾಗಿ ಬಂದ ಹೊಸತು. ಪಿ.ಯು.ಸಿ. ಪಾಸಾಗಿದ್ದೆ, ಅದಕ್ಕಿಂತ ಹೆಚ್ಚಾಗಿ ಬಾಡಿಗೆ ಲೈಬ್ರರಿಯ ಪತ್ತೇದಾರಿ ಕಾದಂಬರಿಗಳನ್ನು ರಾಶಿ ರಾಶಿ ಓದಿ, ನನ್ನಷ್ಟು ಚುರುಕು ಬುದ್ಧಿ ಪೊಲೀಸರಿಗೂ ಇಲ್ಲ ಎಂದು ನಂಬಿದ್ದೆ. ಗಂಡನ ಮನೆಯಲ್ಲಿ ಕಾಣೆಯಾಗುತ್ತಿದ್ದದ್ದು ಬೆಣ್ಣೆ ಮಾತ್ರ. ಕಳ್ಳ ಬೆಕ್ಕೆಂದು ಅದರ ಹೆಜ್ಜೆಗುರುತು ಸಮೇತ ನಾನು ಸಾಬೀತು ಮಾಡಿದಾಗ ಅತ್ತೆ ನೀಲವ್ವ, "ಬೆಕ್ಕಲ್ಲದ ಎಮ್ಮಿ ತಿಂತೈತೇನು ಬೆಣ್ಣಿ?" ಎಂದಿದ್ದರು.

ನೀಲವ್ವನ ಬಗ್ಗೆ ಸ್ವಲ್ಪ ಹೇಳಬೇಕು. ಆಕೆ ಇದ್ದದ್ದನ್ನು ಇದ್ದ ಹಾಗೆ ಹೇಳುವ ಹೆಂಗಸು. ಲಿಂಗಪೂಜೆಯಾಗದೆ ನೀರೂ ಮುಟ್ಟುವವರಲ್ಲ, ಸುಳ್ಳನ್ನಂತೂ ಬಾಯಿಗೇ ತರುವವರಲ್ಲ. ಕನ್ಯೆ ನೋಡಲು ಬಂದ ಬೀಗರು ನೆರೆಮನೆಯವರೆಂದು ಇವರನ್ನು ವಿಚಾರಿಸಿದರೆ, "ಹುಡುಗಿ ಬಂಗಾರದಂಥಾಕಿ. ನಿದ್ದಿಯೊಳಗ ಗೊರಕಿ ಮಾತ್ರ ಜೋರ" ಎಂದುಬಿಟ್ಟಿದ್ದರಂತೆ. ಆ ಸಂಬಂಧ ಮುರಿಯಿತು. ಆ ಹುಡುಗಿಯ ತಾಯಿ ಬಹಳ ದಿನ ನಮ್ಮ ಮನೆಯ ಮುಂದೆ ಹಾಯುವಾಗ ಮುಖ ತಿರುಗಿಸುತ್ತಿದ್ದಳು. ಅತ್ತೆಗೆ ಅದರ ಚಿಂತೆಯಿರಲಿಲ್ಲ. ಊರಲ್ಲಿ ಜಗಳ ಬಿದ್ದರೆ ಕೊನೆಗೆ ಎಲ್ಲರೂ ಬಂದು ಕೇಳುತ್ತಿದ್ದದ್ದು ಇವರನ್ನೇ.

ಹತ್ತಿ ಬಿಡಿಸಿ ಮುಗಿದು, ಮಳೆಗೆ ಇನ್ನೂ ಹೊತ್ತಿರುವ ಬಿಸಿಲ ದಿನಗಳಲ್ಲಿ ನಮ್ಮ ಓಣಿಯ ಹೆಂಗಸರು ಕೌದಿ ಹೊಲಿಯುತ್ತಿದ್ದರು. ಹಳೆಯ ಸೀರೆಗಳನ್ನು ಒಂದರ ಮೇಲೊಂದು ಹಾಸಿ, ಸುತ್ತಲೂ ಕೂತು, ಅಂಚಿನಿಂದ ನಡುವಿನ ಕಡೆಗೆ ಹೊಲಿಗೆ ಹಾಕುತ್ತ ಬರುವುದು. ತಂಪು ಇದ್ದದ್ದು ಹುಸೇನಬಿಯ ಪಡಸಾಲೆಯಲ್ಲಿ. ಹಾಗಾಗಿ ಮಧ್ಯಾಹ್ನದ ಕೂಟ ಅಲ್ಲಿಯೇ. ಹುಸೇನಬಿಯ ಗಂಡ ಬಳೆ ಮಾರುತ್ತ ಊರೂರು ತಿರುಗುತ್ತಿದ್ದ. ಒಳಕೋಣೆಯಲ್ಲಿ ಬಾಡಿಗೆಗಿದ್ದವಳು ಶಾಂತಾ. ರವಿಕೆ ಹೊಲಿಯುತ್ತಿದ್ದಳು. ಗಂಡ ಇಲ್ಲ, ಊರು ಬೆಳಗಾವಿಯ ಕಡೆ ಎಂದಷ್ಟೇ ನಮಗೆ ಗೊತ್ತು. ಮಾತು ಕಡಿಮೆ. ಆದರೆ ಆಟ ಆಡಿಸಲು ಕೂತರೆ ಅವಳೇ ಬೇರೆಯಾಗುತ್ತಿದ್ದಳು.

ಆಟ ಹೀಗೆ. ಒಂದು ಮನೆ. ಒಲೆಯ ಮೇಲೆ ಸಾರು ಕುದಿಯುತ್ತಿದೆ. ಹಿತ್ತಲ ಬಾಗಿಲು ತೆರೆದಿದೆ. ಮನೆಯ ಸೊಸೆ ಗೌರಿ ಇಲ್ಲ. ಎಲ್ಲಿ ಹೋದಳು? ನಾವು ಒಬ್ಬೊಬ್ಬರು ಒಂದೊಂದು ಪಾತ್ರ. ಒಬ್ಬಳು ಅತ್ತೆ, ಒಬ್ಬಳು ನೆರೆಮನೆಯವಳು, ಒಬ್ಬಳು ಬಸ್ ಸ್ಟ್ಯಾಂಡಿನಲ್ಲಿ ಹೂವು ಮಾರುವವಳು. ಶಾಂತಾ ಸ್ವಲ್ಪ ಕತೆ ಹೇಳಿ ನಿಲ್ಲಿಸುತ್ತಿದ್ದಳು. "ಈಗ ನೀವು ಏನ್ ಮಾಡ್ತೀರಿ?" ಬಾವಿಯ ಕಡೆ ಹೋಗುತ್ತೀರೋ, ಬಸ್ಸಿನ ಕಡೆಯೋ? ಕಂಡದ್ದನ್ನು ಹೇಳುತ್ತೀರೋ, ಮುಚ್ಚಿಡುತ್ತೀರೋ? ಒಮ್ಮೆ ಆಡಿದ ಮಾತನ್ನು ಹಿಂದಕ್ಕೆ ತೆಗೆದುಕೊಳ್ಳುವಂತಿಲ್ಲ. ಮನೆ ಅದೇ, ಸಾರು ಅದೇ, ಹಿತ್ತಲ ಬಾಗಿಲು ಅದೇ; ಕೊನೆ ಮಾತ್ರ ನಮ್ಮ ಉತ್ತರಗಳ ಮೇಲೆ. ಒಮ್ಮೆ ಗೌರಿ ಯಾತ್ರೆಯ ಜನರೊಂದಿಗೆ ಸೇರಿ ಎಲ್ಲೋ ಹೋಗಿಬಿಟ್ಟಳು. ಒಮ್ಮೆ ನಾವೆಲ್ಲ ಬಸ್ಸಿನ ಕಡೆ ಓಡಿದ್ದರಿಂದ ಬಾವಿಯಲ್ಲಿ ಹೆಣವಾಗಿ ತೇಲಿದಳು. ಅವತ್ತು ನಾವು ಚಹಾ ಕುಡಿಯಲಿಲ್ಲ.

ನಾನು ಗೆಲ್ಲಲೇಬೇಕೆಂದು ಪಣ ತೊಟ್ಟವಳು. ಒಂದು ದಿನ ಗೆದ್ದೆ. ಹೂವಿನವಳನ್ನು ಬಾಯಿ ಬಿಡಿಸಿ, ಟಿಕೆಟ್ಟಿನ ಚೂರು ಹಿಡಿದು, ದೂರದ ಊರಿನಲ್ಲಿ ಗೌರಿಯನ್ನು ಪತ್ತೆ ಮಾಡಿ ಗಂಡನ ಮನೆಗೆ ಕರೆತಂದೆ. ಸೂಜಿಯನ್ನು ಕೌದಿಗೆ ಚುಚ್ಚಿ ಎರಡೂ ಕೈ ಎತ್ತಿ, "ಗೆದ್ದೆ!" ಎಂದು ಕೂಗಿದೆ.

"ಹೌದ್ರಿ. ಹುಡುಕಿದ್ರಿ" ಎಂದಳು ಶಾಂತಾ. "ಗಂಡ ಆಕೀನ್ನ ಒಳಗ ಕರಕೊಂಡ. ಬಾಗಲಾ ಹಾಕಿದ. ಮುಂದ ಆ ಬಾಗಲಾ ಒಡದಾವರು ಪೊಲೀಸರು."

ನನ್ನ ಕೈ ಇನ್ನೂ ಮೇಲೆಯೇ ಇತ್ತು.

"ಇಂಥಾ ಕೊನಿ ಯಾಕ ಹೇಳ್ತೀ ಬೇ?" ಎಂದು ಹುಸೇನಬಿ ರೇಗಿದಳು. "ಆಟ ಇದು!"

"ನಾ ಎಲ್ಲೆ ಹೇಳಿದೆ? ಅವರ ಆರಿಸಿದ್ರು."

ಎಲ್ಲರಿಗಿಂತ ನನಗೆ ಸಿಟ್ಟು ತರಿಸುತ್ತಿದ್ದವರು ನನ್ನ ಅತ್ತೆ. ಯಾವ ಪಾತ್ರ ಕೊಟ್ಟರೂ ಅವರದ್ದು ಒಂದೇ ಉತ್ತರ: "ಗಂಡ ಕೇಳಿದ್ರ ಹೇಳ್ತೀನಿ. ಕಂಡದ್ದು ಕಂಡೇನಿ." ಅವರು ಹಾಗೆ ಹೇಳಿದ ಸಲವೆಲ್ಲ ಗೌರಿಗೆ ಕೇಡೇ ಆಗುತ್ತಿತ್ತು. ಒಮ್ಮೆ ಕಾಲು ಮುರಿಯಿತು, ಒಮ್ಮೆ ಸುಟ್ಟುಕೊಂಡಳು, ಒಮ್ಮೆ ಏನಾಯಿತೆಂಬುದೇ ತಿಳಿಯಲಿಲ್ಲ. ನಾವೆಲ್ಲ ಅಯ್ಯಯ್ಯೋ ಎನ್ನುತ್ತಿದ್ದೆವು. ಅವರು ದಾರವನ್ನು ಹಲ್ಲಿನಿಂದ ಕಡಿದು, ಮರುದಿನ ಮತ್ತದೇ ಉತ್ತರ ಹೇಳುತ್ತಿದ್ದರು. ಇಷ್ಟು ಕಲ್ಲೆದೆಯ ಹೆಂಗಸಿನ ಕೈಕೆಳಗೆ ನಾನು ಬಾಳಬೇಕಲ್ಲ ಎಂದು ಒಳಗೊಳಗೇ ಹೆದರಿದ್ದೆ.

ಆ ದಿನ ಶಾಂತಾ ಹೊರಗೆ ಬಂದಿರಲಿಲ್ಲ. ಯಾರದೋ ರವಿಕೆ ಸಂಜೆಗೆ ಕೊಡಬೇಕೆಂದು ಒಳಕೋಣೆಯಲ್ಲಿ ಮಷೀನು ತುಳಿಯುತ್ತಿದ್ದಳು. ಮಧ್ಯಾಹ್ನದ ಬಸ್ಸಿಳಿದ ಒಬ್ಬ ಮನುಷ್ಯ ಓಣಿಯೊಳಗೆ ಬಂದ. ಇಸ್ತ್ರಿ ಮಾಡಿದ ಬಿಳಿ ಅಂಗಿ, ಹಣೆಯಲ್ಲಿ ವಿಭೂತಿ, ಮೆತ್ತನೆಯ ದನಿ. ಚಪ್ಪಲಿಯನ್ನು ದೂರವೇ ಕಳೆದು ಕಟ್ಟೆಯ ಹತ್ತಿರ ನಿಂತು ಕೈಮುಗಿದ.

"ಶರಣ್ರೀ ಅವ್ವಾರ. ನಮ್ಮ ಮನಿಯಾಕಿ ಕಾಣಿಯಾಗ್ಯಾಳ್ರಿ. ತಲಿ ಸರಿಯಿಲ್ಲ ಪಾಪ. ಊರೂರು ಹುಡಕಾಕ ಹತ್ತೇನಿ. ಇಲ್ಲಿ ಹೊಸಬಾಕಿ ಒಬ್ಬಾಕಿ ಬಂದು ಇದ್ದಾಳಂತ ಸಂತಿಯೊಳಗ ಯಾರೋ ಅಂದ್ರು."

ನಮಗೆ ಅವನ ಮೇಲೆ ಮರುಕವೇ ಹುಟ್ಟಿತು. ಹುಸೇನಬಿ ತಂಬಿಗೆಯಲ್ಲಿ ನೀರು ತಂದುಕೊಟ್ಟಳು. ಕುಡಿದು, ಮೀಸೆ ಒರೆಸಿಕೊಂಡು ಅವನು ಮುಂದುವರಿದ.

"ಜಗಳಿಲ್ಲ, ಏನಿಲ್ಲರಿ. ನಾ ಹೊಲದಿಂದ ಬರೂದ್ರಾಗ ಒಲಿ ಮ್ಯಾಲೆ ಸಾರು ಕುದ್ಯಾಕ ಹತ್ತಿತ್ತು. ಹಿತ್ತಲ ಬಾಗಲಾ ತೆರದಿತ್ತು. ಆಕಿ ಇಲ್ಲ."

ಕೌದಿಯ ಸುತ್ತ ಓಡುತ್ತಿದ್ದ ಸೂಜಿಗಳೆಲ್ಲ ಒಮ್ಮೆಗೇ ನಿಂತವು. ಒಳಗಿನ ಮಷೀನಿನ ಸದ್ದೂ ನಿಂತಿತು. ಯಾವಾಗ ನಿಂತಿತು ಎಂದು ನನಗೆ ಗೊತ್ತಾಗಲಿಲ್ಲ. ನಿಂತಿದೆ ಎಂಬುದಷ್ಟೇ ಗೊತ್ತಾಯಿತು. ಅಷ್ಟು ದಿನ ನಾವು ನಕ್ಕು, ಅತ್ತು, ಗೆದ್ದು, ಸೋತು ಆಡಿದ್ದು ಶಾಂತಾಳ ಬಾಳನ್ನು. ನಾನು ಕೈಯೆತ್ತಿ ಕುಣಿದದ್ದು ಅವಳನ್ನು ಈ ಮನುಷ್ಯನ ಕೈಗೆ ಒಪ್ಪಿಸಿ.

ಅವನು ಕಿಸೆಯಿಂದ ಮದುವೆಯ ಫೋಟೋ ತೆಗೆದು, ಎಲ್ಲರಿಗಿಂತ ಹಿರಿಯರೆಂದು ನನ್ನ ಅತ್ತೆಯ ಕೈಗೆ ಕೊಟ್ಟ. ಹುಸೇನಬಿ ನನ್ನ ಮೊಣಕೈ ಹಿಸುಕಿದಳು. ಇಬ್ಬರಿಗೂ ಗೊತ್ತಿತ್ತು ಏನಾಗಲಿದೆ ಎಂದು. ಆ ಉತ್ತರವನ್ನು ನಾವು ಎಷ್ಟು ಸಲ ಕೇಳಿರಲಿಲ್ಲ!

ಅತ್ತೆ ಸೆರಗಿನಿಂದ ಚಾಳೀಸು ಒರೆಸಿ ಕಣ್ಣಿಗೇರಿಸಿಕೊಂಡು ಫೋಟೋವನ್ನು ಬಹಳ ಹೊತ್ತು ನೋಡಿದರು.

"ಈ ಹುಡುಗಿ ನಮ್ಮೂರಾಗಿಲ್ಲ."

"ಒಳಗ ಮಷೀನಿನ ಸಪ್ಪಳ ಆತಲ್ರಿ?"

"ನನ್ನ ಹಿರೀ ಸೊಸಿ. ಹೊಲಿಗಿ ಕಲ್ಯಾಕ ಹತ್ಯಾಳ."

ನಮ್ಮ ಮನೆಗೆ ಹಿರಿಯ ಸೊಸೆಯೂ ನಾನೇ, ಕಿರಿಯಳೂ ನಾನೇ. ನಾನು ಅವರ ಪಕ್ಕದಲ್ಲೇ ಬಾಯಿ ತೆರೆದು ಕೂತಿದ್ದೆ.

ಆ ಮನುಷ್ಯ ನಕ್ಕ. ಆ ನಗುವನ್ನು ನೋಡಿದಾಗ ಮೊದಲ ಬಾರಿಗೆ ನನಗೆ ಅವನ ಭಯವಾಯಿತು. "ತಪ್ಪು ತಿಳೀಬ್ಯಾಡ್ರಿ. ನೀವು ಸುಳ್ಳ ಹೇಳೂದಿಲ್ಲಂತ ಬಸ್ ಸ್ಟ್ಯಾಂಡಿನ್ಯಾಗ ಕೇಳೇ ಬಂದೇನಿ. ಕೊರಳಾಗ ಲಿಂಗ ಐತಿ. ಮುಟ್ಟಿ ಒಂದ್ ಮಾತು ಹೇಳಿಬಿಡ್ರಿ, ಹೋಗ್ತೀನಿ."

ನಾನು ಕಣ್ಣು ಮುಚ್ಚಿಕೊಂಡೆ. ತೆರೆದಾಗ ಅತ್ತೆಯ ಬಲಗೈ ಎದೆಯ ಮೇಲಿನ ಲಿಂಗವನ್ನು ಬಿಗಿಯಾಗಿ ಹಿಡಿದಿತ್ತು. ಬೆರಳ ಗಿಣ್ಣುಗಳು ಬೆಳ್ಳಗಾಗಿದ್ದವು.

"ಇಲ್ಲ" ಎಂದರು. "ಆಕೀನ್ನ ನಾ ನೋಡಿಲ್ಲ. ನೋಡಿದ್ದರ ಹೇಳ್ತಿದ್ದೆ."

ಅವನು ಫೋಟೋ ಇಸಿದುಕೊಂಡು, ಮತ್ತೆ ಕೈಮುಗಿದು ಹೋದ. ಬಸ್ಸು ಹೊರಟ ಸದ್ದು ಕೇಳುವ ತನಕ ಯಾರೂ ಅಲುಗಲಿಲ್ಲ. ಆಮೇಲೆ ಶಾಂತಾ ಹೊರಗೆ ಬಂದಳು. ಬಂದವಳು ಬಾಗಿಲ ಹೊಸ್ತಿಲಲ್ಲೇ ಕುಸಿದು, ಅತ್ತೆಯ ಕಾಲು ಹಿಡಿಯಲು ಕೈ ಚಾಚಿದಳು. ಅತ್ತೆ ಕಾಲು ಹಿಂದಕ್ಕೆಳೆದುಕೊಂಡರು.

"ಮುಟ್ಟಬ್ಯಾಡ. ಈಗ ಯಾರೂ ನನ್ನ ಮುಟ್ಟಬ್ಯಾಡ್ರಿ" ಎಂದು ಎದ್ದು ಮನೆಗೆ ನಡೆದರು.

ಸಂಜೆ ಅವರು ದೇವರ ಮುಂದೆ ಕೂತೇ ಇದ್ದರು. ಊಟಕ್ಕೆ ಕರೆದೆ. ಬರಲಿಲ್ಲ. ಬಾಗಿಲಲ್ಲಿ ನಿಂತು ಕೇಳಿಯೇಬಿಟ್ಟೆ.

"ಅತ್ತಿ, ಆಟದಾಗ ಪ್ರತಿ ಸಲ ಹೇಳ್ತೀನಿ ಅಂತಿದ್ರಿ. ಇವತ್ತ ಯಾಕ ಹೇಳಲಿಲ್ಲ?"

ಅವರು ನನ್ನ ಕಡೆ ತಿರುಗಿದರು. ಅತ್ತೆ ಅತ್ತದ್ದನ್ನು ನಾನು ಕಂಡದ್ದು ಅದೇ ಮೊದಲು.

"ಆಟ ಅಂತ ಯಾರ ಅಂದ್ರು ನಿನಗ? ಮೊದಲನೇ ದಿನಾನ ತಿಳೀತು ನನಗ, ಹುಡುಗಿ ತನ್ನ ಕತೀನ ತಾ ಹೇಳಾಕ ಹತ್ಯಾಳಂತ. ನೋಡ್ತಿದ್ದೆ. ಖರೇ ಹೇಳಿದ್ರೂ ಆಕಿ ಒಂದ ಸಲರ ಉಳೀತಾಳೇನು ಅಂತ ನೋಡ್ತಿದ್ದೆ. ದಿನಾ ನೋಡಿದೆ. ಒಂದ ಸಲನೂ ಉಳೀಲಿಲ್ಲ."

ಅಷ್ಟೆಲ್ಲ ಪತ್ತೇದಾರಿ ಓದಿದವಳು, ಎದುರಿಗೆ ಕೂತ ಇಬ್ಬರು ಹೆಂಗಸರ ನಡುವೆ ದಿನವೂ ನಡೆಯುತ್ತಿದ್ದ ಸವಾಲು ಜವಾಬನ್ನು ಕೌದಿಯ ಆಚೆ ಬದಿಯಲ್ಲಿ ಕೂತು ಒಂದು ಚೂರೂ ಅರಿಯದೆ ಹೋಗಿದ್ದೆ.

ಮರುದಿನ ಬೆಳಿಗ್ಗೆ ಹುಸೇನಬಿಯ ಗಂಡ ಬಳೆಯ ಮಲಾರದ ಜೊತೆ ಶಾಂತಾಳನ್ನೂ ಕರೆದುಕೊಂಡು ಹೋಗಿ, ತನ್ನ ನೆಂಟರ ಊರಿಗೆ ಬಿಟ್ಟು ಬಂದ. ಮಷೀನು ಆಮೇಲೆ ಚಕ್ಕಡಿಯಲ್ಲಿ ಹೋಯಿತು. ಹೋಗುವ ಮೊದಲು ಶಾಂತಾ ನಮ್ಮ ಮನೆಯ ಮುಂದೆ ನಿಂತಿದ್ದಳು. ಅತ್ತೆ ಹೊರಗೆ ಬಂದು ಅವಳ ಹಣೆಗೆ ವಿಭೂತಿ ಹಚ್ಚಿದರು. ಹುಸೇನಬಿಗೆ ಮಾತ್ರ, "ಎಲ್ಲೆ ಬಿಟ್ರಿ ಅಂತ ನನಗ ಹೇಳಬ್ಯಾಡ. ಇನ್ನೊಮ್ಮೆ ಸುಳ್ಳ ಹೇಳೂ ಶಕ್ತಿ ನನಗಿಲ್ಲ" ಎಂದರು.

ಆಮೇಲೆ ನೀಲವ್ವ ಮೊದಲಿನ ನೀಲವ್ವ ಆಗಲಿಲ್ಲ. ಮಠದ ಅಯ್ಯನವರ ಬಳಿ ಹೋಗಿ, ಸುಳ್ಳು ಆಣೆ ಮಾಡಿದೆನೆಂದು ಹೇಳಿಕೊಂಡರು. ಯಾರಿಗಾಗಿ ಎಂದು ಕೇಳಿದಾಗ ಬಾಯಿ ಬಿಡಲಿಲ್ಲ. ಅಯ್ಯನವರು ಏನೋ ಸಮಾಧಾನ ಹೇಳಿ ಕಳಿಸಿದರು. ಅತ್ತೆಗೆ ಸಮಾಧಾನವಾದಂತೆ ಕಾಣಲಿಲ್ಲ. ಜನ ಎಂದಿನಂತೆ ಜಗಳ ಹೊತ್ತು ಬಂದರೆ, "ನನ್ನ ಕೇಳಬ್ಯಾಡ್ರಿ. ಖರೇ ಹೇಳೂ ಬಾಯಿ ಅಲ್ಲ ಇದು" ಎಂದು ಒಳಗೆ ಹೋಗಿಬಿಡುತ್ತಿದ್ದರು. ಊರವರಿಗೆ ಯಾಕೆಂದು ತಿಳಿಯಲಿಲ್ಲ. ಮುದುಕಿಗೆ ವಯಸ್ಸಾಯಿತು ಎಂದುಕೊಂಡರು. ಅಷ್ಟು ದೊಡ್ಡದನ್ನು ಆಕೆ ಕೊಟ್ಟದ್ದನ್ನು ಕಂಡವರು, ಕೌದಿಯ ಸುತ್ತ ಕೂತಿದ್ದ ನಾವು ನಾಲ್ಕಾರು ಹೆಂಗಸರು. ನಾವು ನಮ್ಮ ಗಂಡಂದಿರಿಗೂ ಹೇಳಲಿಲ್ಲ.

ಅತ್ತೆ ತೀರಿಕೊಂಡು ವರ್ಷಗಳಾದವು. ಆ ಮನುಷ್ಯ ಇದ್ದಾನೋ ಸತ್ತನೋ ಗೊತ್ತಿಲ್ಲ. ಈ ಕತೆಯನ್ನು ಮೊನ್ನೆ ಮೊದಲ ಸಲ, ರೊಟ್ಟಿ ತಟ್ಟೆಯ ಮುಂದೆ, ಮೊಮ್ಮಗಳಿಗೆ ಹೇಳಿದೆ. ಅವಳು ಮೊಬೈಲು ಬೋರಲು ಹಾಕಿ ಕೇಳಿದಳು. ಕಣ್ಣು ದೊಡ್ಡವಾಗಿದ್ದವು.

"ಆಕಿ ಈಗ ಎಲ್ಲಿದ್ದಾಳ ಅಜ್ಜಿ?"

"ಗೊತ್ತಿಲ್ಲವಾ" ಎಂದೆ.

ಸ್ವಂತ ಮೊಮ್ಮಗಳು, ಎದುರಿಗೆ ಕೂತ ಎಳೆಯ ಹುಡುಗಿ, ಯಾರಿಗೂ ಕೇಡು ಬಗೆಯದವಳು. ಅವಳ ಮುಂದೆ ಆ ಮಾತು ನನ್ನ ಬಾಯಿಂದ ಎಷ್ಟು ಸಲೀಸಾಗಿ ಬಂತೆಂದರೆ, ನಾನೇ ದಂಗಾಗಿ ಅವಳ ಮುಖ ನೋಡಿದೆ. ಅವಳು ನಂಬಿದ್ದಳು. "ಪಾಪ" ಎಂದು ರೊಟ್ಟಿ ಮುರಿದಳು.

ಹೋದ ವಾರವಷ್ಟೇ ನಾನು ಶಾಂತಾಳ ಮನೆಯಲ್ಲಿ ಉಂಡು ಬಂದಿದ್ದೆ. ಕೂದಲು ಪೂರಾ ಬೆಳ್ಳಗಾಗಿದೆ, ಕೈ ಇನ್ನೂ ನಡುಗುವುದಿಲ್ಲ, ಜೊತೆಗೆ ಹೊಲಿಗೆ ಕಲಿಯುವ ಹುಡುಗಿಯರಿದ್ದಾರೆ. ಯಾವ ಊರು ಎಂದು ಕೇಳುತ್ತೀರಾ? ಇಷ್ಟು ದೂರ ನನ್ನ ಜೊತೆ ಬಂದಿದ್ದೀರಿ, ಕೇಳುವ ಹಕ್ಕು ನಿಮಗಿದೆ. ಆದರೆ ನಿಮಗೂ ಹೇಳುವುದಿಲ್ಲ. ಅವಳ ಹೆಸರು ಶಾಂತಾ ಅಲ್ಲ.